ಅಪ್ಪಚ್ಚಿಯ ಆಟ

ನಮ್ಮ ಅಪ್ಪಚ್ಚಿಗೆ ಹುಟ್ಟಿನಿಂದ ಕಿವಿ ಕೇಳುತ್ತಿರಲಿಲ್ಲ. ಮಾತೂ ಬರಲಿಲ್ಲ. ಊರವರ ಪಾಲಿಗೆ ಅವನು ‘ಮೂಗ’. ಹೊಸನಗರ ಸಾಗರಗಳ ನಡುವೆ, ರಸ್ತೆಯಿಂದ ಎರಡು ಮೈಲಿ ಒಳಗೆ ನಮ್ಮ ಮನೆ. ಅವನು ಹುಡುಗನಾಗಿದ್ದಾಗ ಮೈಸೂರಿನ ವಾಕ್ ಶ್ರವಣ ಸಂಸ್ಥೆ ಇನ್ನೂ ಹುಟ್ಟಿರಲಿಲ್ಲ. ಅದು ಬಂದದ್ದು 1965ರಲ್ಲಿ. ಶಾಲೆಗೆ ಸೇರಿಸಲು ಅಜ್ಜ ಕರೆದುಕೊಂಡು ಹೋದಾಗ ಮೇಷ್ಟರೊಬ್ಬರು, “ಕೇಳದವನಿಗೆ ಕಲಿಸುವುದೇನು ಭಟ್ಟರೇ, ದನ ಕಾಯಲಿ ಬಿಡಿ” ಎಂದರಂತೆ. ಅಪ್ಪಚ್ಚಿ ದನ ಕಾದ, ತೋಟ ಮಾಡಿದ, ಕೊನೆ ಕೊಯ್ದ. ಅಕ್ಷರ ಮಾತ್ರ ಕಲಿಯಲಿಲ್ಲ.

ಆದರೆ ಅವನಿಗೆ ಮಾತಿರಲಿಲ್ಲವೆಂದರೆ ಸುಳ್ಳಾಗುತ್ತದೆ. ಬಾಯಲ್ಲಿ ಇರಲಿಲ್ಲ, ಕೈಯಲ್ಲಿತ್ತು. ಮನೆಯ ಪ್ರತಿಯೊಬ್ಬರಿಗೂ ಅವನು ಒಂದೊಂದು ಹೆಸರಿಟ್ಟಿದ್ದ. ಅಜ್ಜಿಯೆಂದರೆ ಮೂಗುಬೊಟ್ಟು. ಅಪ್ಪನೆಂದರೆ ಮೀಸೆ ತಿರುವುವುದು. ಅಪ್ಪ ಮೀಸೆ ಬೋಳಿಸಿ ಇಪ್ಪತ್ತು ವರ್ಷವಾದರೂ ಹೆಸರು ಬದಲಾಗಲಿಲ್ಲ. ನಾನು ಮಗುವಾಗಿದ್ದಾಗ ಜಗುಲಿಯಿಂದ ಬಿದ್ದು ಹುಬ್ಬಿನ ಮೇಲೆ ಗಾಯವಾಗಿತ್ತು. ಬಲಗೈಯ ತೋರುಬೆರಳನ್ನು ಹುಬ್ಬಿನ ಮೇಲೆ ಎಳೆದರೆ ಅದು ನಾನು.

ಅಡಿಕೆ ಸುಲಿಯುವ ಕಾಲ ನೆನಪಾಗುತ್ತದೆ. ರಾತ್ರಿ ಊಟವಾದ ಮೇಲೆ ಹದಿನೈದು ಇಪ್ಪತ್ತು ಜನ ಮೆಟ್ಟುಗತ್ತಿ ಇಟ್ಟುಕೊಂಡು ಸಾಲಾಗಿ ಕೂರುತ್ತಿದ್ದರು. ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು, ಬಾಯಿ ತನ್ನ ಪಾಡಿಗೆ ಕಥೆ ಹೇಳುತ್ತಿತ್ತು. ಅಪ್ಪಚ್ಚಿಗೆ ಆ ಅನುಕೂಲವಿರಲಿಲ್ಲ. ಮಾತಾಡಬೇಕಾದರೆ ಅವನು ಅಡಿಕೆಯನ್ನು ಕೆಳಗಿಡಬೇಕು. ಕೇಳಬೇಕಾದವನು ಕತ್ತಿಯಿಂದ ಕಣ್ಣೆತ್ತಬೇಕು. ಡಬ್ಬದ ಲೆಕ್ಕದಲ್ಲಿ ಕೂಲಿ ಪಡೆಯುವವರಿಗೆ ಅಷ್ಟು ಪುರುಸೊತ್ತು ಎಲ್ಲಿಯದು? ಲಾಟೀನು ಮಂದವಾದರಂತೂ ಅವನ ಮಾತು ಅಲ್ಲಿಗೇ ನಿಲ್ಲುತ್ತಿತ್ತು. ನಮ್ಮೂರಿಗೆ ಕರೆಂಟು ಬಂದಾಗ ಎಲ್ಲರಿಗಿಂತ ಹೆಚ್ಚು ಸಂತೋಷಪಟ್ಟವನು ಅವನೇ.

ಅವನಿಗೆ ಆಟದ ಹುಚ್ಚು. ಬಯಲಾಟ ಎಲ್ಲಿದ್ದರೂ ಗ್ಯಾಸ್‌ಲೈಟಿನ ಬೆಳಕು ಹುಡುಕಿಕೊಂಡು ಹೋಗುತ್ತಿದ್ದ. ಚೆಂಡೆಯ ಬದಿಗೇ ಕೂತು ರಂಗದ ಹಲಗೆಯ ಮೇಲೆ ಅಂಗೈ ಊರಿಕೊಳ್ಳುತ್ತಿದ್ದ. ಚೆಂಡೆ ಅವನಿಗೆ ಅಂಗೈಯಿಂದ ಕೇಳುತ್ತಿತ್ತು. ಅರ್ಥಗಾರಿಕೆ ಶುರುವಾದೊಡನೆ ಕಂಬಳಿ ಹೊದ್ದು ಮಲಗುವುದು, ಪೆಟ್ಟು ಬಿದ್ದೊಡನೆ ಎದ್ದು ಕೂರುವುದು. ನಾವು ಮಾತಿಗಾಗಿ ಎಚ್ಚರವಾಗಿದ್ದು ಕುಣಿತಕ್ಕೆ ತೂಕಡಿಸುವವರು, ಅವನದು ತದ್ವಿರುದ್ಧ. ಬರಿಯ ಮಾತೇ ಆದ ತಾಳಮದ್ದಲೆಗೆ ಒಮ್ಮೆ ಮಾತ್ರ ಬಂದ. ಅರ್ಧ ಗಂಟೆ ಎಲ್ಲರ ತುಟಿ ನೋಡಿ, ನನ್ನ ಕಡೆ ತಿರುಗಿ, ಎಮ್ಮೆ ಮೆಲುಕು ಹಾಕುವುದನ್ನು ತೋರಿಸಿ, ಎದ್ದು ಹೋದ.

ಪ್ರತಿವರ್ಷ ತೀರ್ಥಹಳ್ಳಿಯ ಎಳ್ಳಮಾವಾಸ್ಯೆ ಜಾತ್ರೆಗೆ ಹೋಗುತ್ತಿದ್ದ. ಒಂದು ವರ್ಷ ನಾನೂ ಜೊತೆಗಿದ್ದೆ. ತುಂಗೆಯ ಮರಳಿನ ಮೇಲೆ ಅವನಂಥವನೇ ಇನ್ನೊಬ್ಬ ಸಿಕ್ಕಿದ. ಇವನ ಸನ್ನೆ ನಮ್ಮ ಮನೆಯದು, ಅವನ ಸನ್ನೆ ಅವನ ಮನೆಯದು. ಮೊದಲು ತಪ್ಪಾಯಿತು, ನಕ್ಕರು, ಮರಳಿನಲ್ಲಿ ಗೀಚಿದರು. ಒಂದು ಗಂಟೆ ಕಳೆಯುವುದರೊಳಗೆ ಇಬ್ಬರೂ ನನಗೆ ತಿಳಿಯದ ವೇಗದಲ್ಲಿ ಮಾತಾಡುತ್ತಿದ್ದರು. ಅವನ ಪಕ್ಕದಲ್ಲಿ ಮೂಗನಾಗಿ ನಿಂತದ್ದು ನಾನು! ನಿಕರಾಗುವದ ಮನಾಗುವಾದಲ್ಲಿ 1977ರಲ್ಲಿ ಇಂಥ ಮಕ್ಕಳನ್ನು ಒಂದು ಶಾಲೆಯಲ್ಲಿ ಸೇರಿಸಿದಾಗ ಅವರು ತಾವೇ ಒಂದು ಹೊಸ ಭಾಷೆಯನ್ನು ಕಟ್ಟಿಕೊಂಡರೆಂದು ಬಹಳ ವರ್ಷಗಳ ಮೇಲೆ ಓದಿದೆ. ನನಗೆ ಆಶ್ಚರ್ಯವಾಗಲಿಲ್ಲ, ತುಂಗೆಯ ದಂಡೆಯಲ್ಲಿ ಅದರ ಮೊದಲ ಗಂಟೆಯನ್ನು ನಾನು ನೋಡಿದ್ದೆ.

ಇನ್ನು ಹೇಳಲೇಬೇಕಾದ ಸಂಗತಿಗೆ ಬರುತ್ತೇನೆ. ನಾನು ಆರನೇ ತರಗತಿಯಲ್ಲಿದ್ದಾಗ ಮನೆ ಪಾಲಾಯಿತು. ಕಿವುಡನಿಗೂ ಮೂಗನಿಗೂ ಪಾಲಿಲ್ಲವೆಂದು ಮನು ಹೇಳಿದ್ದ. 1928ರ ಕಾಯಿದೆ ಅದನ್ನು ತೆಗೆದುಹಾಕಿತ್ತು. ಹಾಗಾಗಿ ಅಪ್ಪಚ್ಚಿಗೂ ಪಾಲು ಬಂತು. ಬಂದದ್ದು ಹೊಳೆಬದಿಯ ತಗ್ಗಿನ ತೋಟ, ಮಳೆಗಾಲದಲ್ಲಿ ನೀರು ನಿಲ್ಲುವಂಥದ್ದು. ಪಂಚರು ಪಾಲುಪಟ್ಟಿ ಓದುತ್ತಿದ್ದರು. ಅವನು ಒಬ್ಬರ ಬಾಯಿಂದ ಇನ್ನೊಬ್ಬರ ಬಾಯಿಗೆ ಕಣ್ಣು ಓಡಿಸುತ್ತಿದ್ದ. ಕೊನೆಗೆ ನನ್ನ ಕಡೆ ನೋಡಿದ. ಅವನ ಮಾತು ಮನೆಯಲ್ಲಿ ಎಲ್ಲರಿಗಿಂತ ಚೆನ್ನಾಗಿ ಬರುತ್ತಿದ್ದುದು ನನಗೆ. ಅಪ್ಪ, “ಎಲ್ಲ ಸರಿಯಾಗಿದೆ ಅಂತ ಹೇಳೋ” ಎಂದ. ಹೊಳೆ, ತಗ್ಗು, ನೀರು—ಮೂರಕ್ಕೂ ಸನ್ನೆ ನನಗೆ ಗೊತ್ತಿತ್ತು. ನಾನು ಅಂಗೈಯನ್ನು ಎದೆಗೆ ಒತ್ತಿ ‘ಸರಿ’ ಎಂದಷ್ಟೇ ತೋರಿಸಿದೆ. ಅವನು ನನ್ನ ಮುಖವನ್ನು ಒಂದು ಕ್ಷಣ ನೋಡಿ, ಹೆಬ್ಬೆಟ್ಟು ಒತ್ತಿದ.

ಆ ವರ್ಷದ ಸುಲಿತದ ಒಂದು ರಾತ್ರಿ ಅಪ್ಪಚ್ಚಿ ಅಡಿಕೆ ಕೆಳಗಿಟ್ಟು ಎದ್ದುನಿಂತ. ಲಾಟೀನನ್ನು ಎತ್ತಿ ಗೂಟಕ್ಕೆ ಸಿಕ್ಕಿಸಿದ. ಮೊದಲು ಪಂಚರಾದ: ಕನ್ನಡಕ ಏರಿಸಿ, ಬೆರಳಿಗೆ ಎಂಜಲು ಹಚ್ಚಿ ಹಾಳೆ ತಿರುವಿದ. ಆಮೇಲೆ ಮೀಸೆ ತಿರುವಿ, ಮಾಡಿನ ಕಡೆ ನೋಡುತ್ತ ಕೂತವನಾದ. ಆಮೇಲೆ ಬಾಯಿಂದ ಬಾಯಿಗೆ ತಿರುಗುವ ಎರಡು ಕಣ್ಣುಗಳಾದ. ಜನ ಬಿದ್ದು ಬಿದ್ದು ನಕ್ಕರು. ಕೊನೆಗೆ ಬೆರಳನ್ನು ಹುಬ್ಬಿನ ಮೇಲೆ ಎಳೆದು, ಪುಟ್ಟ ಹುಡುಗನಾಗಿ, ಅಂಗೈಯನ್ನು ಎದೆಗೆ ಒತ್ತಿದ. ಲಾಟೀನಿನ ಮಸಿಯಲ್ಲಿ ಹೆಬ್ಬೆರಳು ಅದ್ದಿ ಒಂದು ಅಡಿಕೆಹಾಳೆಯ ಮೇಲೆ ಒತ್ತಿ ಎಲ್ಲರಿಗೂ ಹಿಡಿದು ತೋರಿಸಿದ. ಸಾಲಿನಲ್ಲಿ ಒಂದು ಕತ್ತಿಯ ಸದ್ದೂ ಇರಲಿಲ್ಲ.

ಪಾಲು ಬದಲಾಗಲಿಲ್ಲ. ಆದರೆ ಆಮೇಲೆ ಮನೆಯಲ್ಲಿ ಏನೇ ಮಾತಿದ್ದರೂ ಅಪ್ಪ ಲಾಟೀನನ್ನು ಅವನ ಎದುರಿಗೆ ಸರಿಸಿಕೊಂಡು ಕೂರುತ್ತಿದ್ದ.

ಮುಂದೆ ನಾನು ಹೆಗ್ಗೋಡಿನ ನೀನಾಸಮ್‌ನಲ್ಲಿ ಎಷ್ಟೋ ನಾಟಕ ನೋಡಿದೆ. ಅಲ್ಲಿಗೆ ಒಮ್ಮೆ ಚಾಪ್ಲಿನ್ನನ ಚಿತ್ರಕ್ಕೆ ಅಪ್ಪಚ್ಚಿಯನ್ನು ಕರೆದೊಯ್ದಿದ್ದೆ. ಎಲ್ಲರಿಗಿಂತ ಮೊದಲು ನಗುತ್ತಿದ್ದವನು ಅವನು. ಚಾಪ್ಲಿನ್ನನ ಗೆಳೆಯ ಗ್ರಾನ್‌ವಿಲ್ ರೆಡ್ಮಂಡ್ ಎಂಬ ಚಿತ್ರಕಾರ ಕಿವುಡನೆಂದೂ, 1931ರ ‘ಸಿಟಿ ಲೈಟ್ಸ್’ನಲ್ಲಿ ಶಿಲ್ಪಿಯ ಪಾತ್ರ ಮಾಡಿದ್ದಾನೆಂದೂ ನನಗೆ ಆಗ ಗೊತ್ತಿದ್ದರೆ ಹೇಳುತ್ತಿದ್ದೆ. ಮಲಯಾಳದ ಮಹಾಕವಿ ವಳ್ಳತ್ತೋಳರ ವಿಷಯವನ್ನೂ ಹೇಳುತ್ತಿದ್ದೆ. ಮೂವತ್ತರ ಹರೆಯದಲ್ಲಿ ಕಿವಿ ಕಳೆದುಕೊಂಡು, ಆ ಸಂಕಟವನ್ನೇ ‘ಬಧಿರವಿಲಾಪಂ’ ಎಂಬ ಕಾವ್ಯವಾಗಿ ಬರೆದವರು ಅವರು. 1930ರಲ್ಲಿ ಕೇರಳ ಕಲಾಮಂಡಲವನ್ನು ಕಟ್ಟಿ ಕಥಕಳಿಯನ್ನು ಉಳಿಸಿದವರೂ ಅವರೇ. ಪಾತ್ರಧಾರಿ ಬಾಯಿಬಿಡದೆ ಕೈಯಿಂದಲೇ ಮಾತಾಡುವ ಕಲೆಯನ್ನು ಕೇಳದ ಕವಿಯೊಬ್ಬ ಕಾಪಾಡಿದ.

ಕಿವುಡರ ಮಾತಿಗೆ ಬೆಲೆಯಿದೆಯೆಂದು ಕಿವುಡನೇ ಮೊದಲು ಪುಸ್ತಕ ಬರೆದು ಹೇಳಿದ್ದು ಪ್ಯಾರಿಸಿನಲ್ಲಿ, 1779ರಲ್ಲಿ. ಬರೆದವನು ಪಂಡಿತನಲ್ಲ, ಪುಸ್ತಕಕ್ಕೆ ರಟ್ಟು ಕಟ್ಟುವ ಕೆಲಸದ ಪಿಯರ್ ದೆಲೋಜ್. ಏಳು ವರ್ಷದವನಾಗಿದ್ದಾಗ ಸಿಡುಬು ಬಂದು ಕಿವಿ ಹೋಗಿತ್ತು. ಆದರೂ ನೂರು ವರ್ಷ ಕಳೆದು 1880ರಲ್ಲಿ ಮಿಲಾನಿನಲ್ಲಿ ನೆರೆದ ಶಿಕ್ಷಕರು ಶಾಲೆಗಳಲ್ಲಿ ಸನ್ನೆ ಬೇಡ, ಬಾಯಿಮಾತೇ ಬೇಕೆಂದು ನಿರ್ಣಯಿಸಿದರು. ನಮ್ಮ ಪಂಚಾಯತಿಯ ಹಾಗೆಯೇ ಅಲ್ಲಿಯೂ ಓದಿದವರು, ಒಪ್ಪಿದವರು ಹೆಚ್ಚುಕಡಿಮೆ ಎಲ್ಲರೂ ಕೇಳುವವರೇ. ಆ ನಿರ್ಣಯಕ್ಕೆ ವಿಷಾದ ಸೂಚಿಸಿದ್ದು 2010ರಲ್ಲಿ, ವ್ಯಾಂಕೂವರಿನಲ್ಲಿ.

ನಮ್ಮಲ್ಲಿಯೂ ಕಾಲ ಬದಲಾಗಿದೆ. 2015ರಲ್ಲಿ ದೆಹಲಿಯಲ್ಲಿ ಭಾರತೀಯ ಸಂಜ್ಞಾಭಾಷೆಗೆಂದು ಕೇಂದ್ರವೊಂದು ಸ್ಥಾಪನೆಯಾಯಿತು. 2018ರಲ್ಲಿ ಮೂರು ಸಾವಿರ ಶಬ್ದಗಳ ಕೋಶ ಬಂತು. 2021ರ ಹೊತ್ತಿಗೆ ಅದು ಹತ್ತು ಸಾವಿರಕ್ಕೆ ಬೆಳೆಯಿತು. ಒಂದು ಸಂಜೆ ಮಗಳ ಮೊಬೈಲಿನಲ್ಲಿ ಅದನ್ನು ನೋಡುತ್ತ ಕೂತೆ. ಹೊಳೆ ಇತ್ತು, ನೀರು ಇತ್ತು. ಅಪ್ಪಚ್ಚಿಯ ಸನ್ನೆಗಳು ಬೇರೆ. ಮೀಸೆ ಮೂಗುಬೊಟ್ಟುಗಳು ಯಾವ ಕೋಶಕ್ಕೂ ಸೇರುವಂಥವಲ್ಲ. ಬಲ್ಲವರಲ್ಲಿ ಉಳಿದವನು ನಾನೊಬ್ಬನೇ.

ಅವನು ತೀರಿಕೊಂಡ ಮೇಲೆ ನನ್ನನ್ನು ಆ ಹೆಸರಿನಿಂದ ಯಾರೂ ಕರೆದಿಲ್ಲ. ಅವನ ಆಟವನ್ನು ಯಾರೂ ಬರೆದಿಡಲಿಲ್ಲ. ಅಂದು ಹೇಳಬೇಕಾದದ್ದನ್ನು ಹೇಳದೆ ಹೋದವನು ನಾನು. ಇಷ್ಟು ತಡವಾಗಿಯಾದರೂ ಬರೆಯಬೇಕಾದವನೂ ನಾನೇ ಅನ್ನಿಸಿತು.