ಗಡಿಯ ದಾರಿಯಲ್ಲಿ ನೆನಪಾಗುವ ಶಾಂತಾ ಹುಬ್ಳೀಕರ

ಬೀದರಿನ ಪೇಟೆಯಲ್ಲಿ ಅರ್ಧ ಗಂಟೆ ನಿಂತರೆ ಸಾಕು, ಮೂರು ಭಾಷೆಗಳು ಕಿವಿಗೆ ಬೀಳುತ್ತವೆ. ದಖ್ಖನಿಯಲ್ಲಿ ಕೇಳಿದ ಬೆಲೆಗೆ ಕನ್ನಡದಲ್ಲಿ ಉತ್ತರ ಬರುತ್ತದೆ. ಚೌಕಾಶಿ ಮರಾಠಿಯಲ್ಲಿ ಮುಗಿಯುತ್ತದೆ. ಇಲ್ಲಿನವರಿಗೆ ಇದೊಂದು ವಿಶೇಷವಲ್ಲ.

1939ರಲ್ಲಿ ಪುಣೆಯ ಪ್ರಭಾತ್ ಕಂಪನಿಗಾಗಿ ವಿ. ಶಾಂತಾರಾಂ ತೆಗೆದ ಮರಾಠಿ ಚಿತ್ರ 'ಮಾಣೂಸ್'ನಲ್ಲಿ ಇಂಥದೇ ಒಂದು ಹಾಡಿದೆ. ಅದರಲ್ಲಿ ಹಲವು ಭಾಷೆಗಳ ಸಾಲುಗಳು ಬೆರೆತಿವೆ. ಹಾಡುವವಳು ಮೈನಾ ಎಂಬ ವೇಶ್ಯೆ. ಅವಳನ್ನು ಪ್ರೀತಿಸುವವನು ಒಬ್ಬ ಪೊಲೀಸ್ ಪೇದೆ. ಮೈನಾ ಆಗಿ ಹಾಡಿ ನಟಿಸಿದವರು ಶಾಂತಾ ಹುಬ್ಳೀಕರ. ಹುಟ್ಟಿದ್ದು 1914ರಲ್ಲಿ, ಹುಬ್ಬಳ್ಳಿ ಹತ್ತಿರದ ಅದರಗುಂಚಿಯಲ್ಲಿ. ಮೊದಲ ಹೆಸರು ರಾಜಮ್ಮ.

ಬೀದರಿನ ಬಿದರಿ ಕುಶಲಕರ್ಮಿಗಳ ಕೆಲಸ ನೋಡಿದವರಿಗೆ ಹಳೆಯ ಫಿಲ್ಮಿನ ಗುಟ್ಟು ಸುಲಭವಾಗಿ ತಿಳಿಯುತ್ತದೆ. ಸತುವಿಗೆ ಸ್ವಲ್ಪ ತಾಮ್ರ ಬೆರೆಸಿ ಎರಕ ಹೊಯ್ದು, ಬೆಳ್ಳಿಯ ಎಳೆ ಕೂರಿಸಿ, ಕೋಟೆಯ ಮಣ್ಣು ಮತ್ತು ನವಸಾಗರದ ದ್ರಾವಣ ತಾಗಿಸಿದರೆ ಪಾತ್ರೆಯ ಮೈ ಕಪ್ಪಾಗುತ್ತದೆ, ಬೆಳ್ಳಿ ಮಾತ್ರ ಹೊಳೆಯುತ್ತದೆ. ಕಪ್ಪು-ಬಿಳುಪು ಫಿಲ್ಮಿನಲ್ಲೂ ಇರುವುದು ಬೆಳ್ಳಿಯೇ. ಆದರೆ ಅಲ್ಲಿ ಅದು ಅತಿ ಸಣ್ಣ ಕಣಗಳಾಗಿ ಕಪ್ಪು ಕಾಣುತ್ತದೆ. ಮೈನಾಳ ಮುಖ ಫಿಲ್ಮಿನಲ್ಲಿ ಮೂಡಿದ್ದು ಆ ಬೆಳ್ಳಿಯಿಂದಲೇ.

ಬೀದರಿನಿಂದ ಉದಗೀರ ಕಡೆಗೆ ಹೋಗುವ ರೈಲು ಹಲಬರ್ಗಾ ದಾಟಿ ಭಾಲ್ಕಿಗೆ ಬರುತ್ತದೆ. ನಿಜಾಮರ ಆಡಳಿತದಲ್ಲಿ ಇಲ್ಲಿನ ಹಿರೇಮಠದ ಚನ್ನಬಸವ ಪಟ್ಟದ್ದೇವರು ಹೊರಗೆ ಉರ್ದು ಫಲಕ ಹಾಕಿ ಒಳಗೆ ಮಕ್ಕಳಿಗೆ ಕನ್ನಡ ಕಲಿಸಿದರೆಂಬುದನ್ನು ಊರು ಇಂದಿಗೂ ಅಭಿಮಾನದಿಂದ ಹೇಳುತ್ತದೆ. ಶಾಂತಾ ಅವರದೂ ಒಂದು ಬಗೆಯಲ್ಲಿ ಅದೇ ಸ್ಥಿತಿ. ಹೊರಗಿನ ಫಲಕ ಮರಾಠಿ. ಹೆಸರಿನೊಳಗೆ ಮಾತ್ರ ಹುಬ್ಬಳ್ಳಿ. ಕನ್ನಡಕ್ಕೂ ಅವರು ಬಂದರು: ಗುಬ್ಬಿ ವೀರಣ್ಣನವರ 'ಜೀವನ ನಾಟಕ' (1942) ಚಿತ್ರದಲ್ಲಿ ಕೆಂಪರಾಜ ಅರಸರೊಂದಿಗೆ ನಟಿಸಿದರು. ಆದರೂ ಅವರ ಕೀರ್ತಿಯೆಲ್ಲ ಪುಣೆಯಲ್ಲೇ ಉಳಿಯಿತು.

ಔರಾದಕ್ಕೆ ಬೀದರಿನಿಂದ ಬೇರೆ ದಾರಿ. ಕೌಠಾದ ಬಳಿ ಮಾಂಜ್ರಾ ನದಿ ದಾಟಬೇಕು. ಅಮರೇಶ್ವರನ ಈ ಊರಿನಿಂದ ಮಹಾರಾಷ್ಟ್ರದ ಗಡಿ ದೂರವಿಲ್ಲ. 1956ರ ನವೆಂಬರ್ 1ರಂದು ಬೀದರ್ ಮೈಸೂರು ರಾಜ್ಯಕ್ಕೆ ಸೇರಿದಾಗ ಹಳೆಯ ಹೈದರಾಬಾದ್ ಸಂಸ್ಥಾನದ ನೆಲ ಹಂಚಿಹೋಯಿತು. ಹೆಣ್ಣು ಕೊಟ್ಟು ತರುವ ಸಂಬಂಧಗಳು ಮಾತ್ರ ಆ ಗೆರೆಯ ಎರಡೂ ಕಡೆಗೆ ಉಳಿದವು.

ಶಾಂತಾ ಅವರ ಕೊನೆಗಾಲ ವೃದ್ಧಾಶ್ರಮದಲ್ಲಿ ಕಳೆಯಿತು. 1990ರಲ್ಲಿ ಬಂದ ಮರಾಠಿ ಆತ್ಮಕಥೆಗೆ ಮೈನಾಳ ಹಾಡಿನ ಪಲ್ಲವಿಯನ್ನೇ ಹೆಸರಾಗಿ ಇಟ್ಟರು. ನಾಳೆಯ ಚಿಂತೆ ಏತಕ್ಕೆ ಎಂಬ ಭಾವದ ಆ ಮಾತು ಆಶ್ರಮದಲ್ಲಿ ಬಾಳಿದ ಹೆಂಗಸಿನ ಬಾಯಲ್ಲಿ ಬೇರೆಯೇ ಆಗಿ ಕೇಳುತ್ತದೆ. 1992ರಲ್ಲಿ ಅವರು ತೀರಿಕೊಂಡರು.

ಮರಾಠಿಯವರು ಅವರನ್ನು ತಮ್ಮವರೆಂದರು; ಕನ್ನಡದವರು ಅಲ್ಲವೆನ್ನಲಿಲ್ಲ, ಹಾಗೆಂದು ವಿಚಾರಿಸಲೂ ಇಲ್ಲ. ಭಾಲ್ಕಿ, ಔರಾದದ ಮನೆಗಳಲ್ಲಿ ಎರಡೂ ಭಾಷೆ ಬಲ್ಲವರಿದ್ದಾರೆ. ಆ ಆತ್ಮಕಥೆಯನ್ನು ಓದಿ ಕನ್ನಡದಲ್ಲಿ ಅದರ ಕಥೆ ಹೇಳಲು ಅವರಿಗಿಂತ ತಕ್ಕವರು ಯಾರಿದ್ದಾರೆ?