ಸೈಕಲ್ ಯಾರಿಗೆ?

ಮಧ್ಯವಾರ್ಷಿಕ ಪರೀಕ್ಷೆ ಮುಗಿದ ಮೇಲೆ ನಮ್ಮ ಗ್ರಂಥಾಲಯದಿಂದ ಒಂದು ತೆಳ್ಳನೆಯ ಪುಸ್ತಕ ತಂದೆ. ಹೆಸರು ‘ಆಸ್ಕರ್ ಅಂಡ್ ದ ಲೇಡಿ ಇನ್ ಪಿಂಕ್’. ಎರಿಕ್ ಎಮ್ಯಾನುಯೆಲ್ ಶ್ಮಿಟ್ ಅವರ ಈ ಕಥೆ 2002ರಲ್ಲಿ ಫ್ರೆಂಚ್ ಭಾಷೆಯಲ್ಲಿ ಬಂತು. ನಾನು ಓದಿದ್ದು ಇಂಗ್ಲಿಷಿನಲ್ಲಿ.

ಆಸ್ಕರ್‌ಗೆ ಹತ್ತು ವರ್ಷ. ರಕ್ತದ ಕ್ಯಾನ್ಸರ್. ಅಸ್ಥಿಮಜ್ಜೆಯ ಕಸಿ ಫಲ ಕೊಟ್ಟಿಲ್ಲ. ಅವನು ಉಳಿಯುವುದಿಲ್ಲವೆಂದು ಡಾಕ್ಟರು ತಂದೆತಾಯಿಗೆ ಹೇಳುವುದನ್ನು ಅವನೇ ಬಾಗಿಲ ಹೊರಗೆ ನಿಂತು ಕೇಳಿಸಿಕೊಳ್ಳುತ್ತಾನೆ. ಅವರು ಮಗನ ಮುಖ ನೋಡುವ ಧೈರ್ಯವಿಲ್ಲದೆ ಹೊರಟುಹೋಗುತ್ತಾರೆ. ಅದೇ ಅವನ ಸಿಟ್ಟು.

ಅವನೊಂದಿಗೆ ನೇರವಾಗಿ ಮಾತಾಡುವವಳು ಗುಲಾಬಿ ಉಡುಪಿನ ಒಬ್ಬ ಅಜ್ಜಿ. ತಾನು ಹಿಂದೆ ದೊಡ್ಡ ಪೈಲ್ವಾನಳಾಗಿದ್ದೆ ಎಂದು ಕುಸ್ತಿಯ ಕಥೆ ಹೇಳಿ ನಗಿಸುತ್ತಾಳೆ. ದೇವರಿಗೆ ಪತ್ರ ಬರಿ ಎನ್ನುತ್ತಾಳೆ. ಒಂದೊಂದು ದಿನವನ್ನೂ ಹತ್ತು ವರ್ಷವೆಂದು ಎಣಿಸು ಎನ್ನುತ್ತಾಳೆ. ಹುಡುಗ ಕೆಲವೇ ದಿನಗಳಲ್ಲಿ ಹರೆಯ, ಪ್ರೀತಿ, ಮುಪ್ಪು ಎಲ್ಲ ಮುಗಿಸಿ ನೂರು ದಾಟುತ್ತಾನೆ. ನಾನು ಕಾಮರ್ಸ್ ವಿದ್ಯಾರ್ಥಿ. ಇಂಥ ಲೆಕ್ಕ ಯಾವ ಅಕೌಂಟೆನ್ಸಿ ಪುಸ್ತಕದಲ್ಲೂ ನೋಡಿರಲಿಲ್ಲ.

ಓದುತ್ತ ನಕ್ಕೆ. ಆಮೇಲೆ ಪುಸ್ತಕ ಮುಚ್ಚಿ ಸುಮ್ಮನೆ ಕೂತೆ. ನಮ್ಮ ಮನೆತನದಲ್ಲೂ ಒಬ್ಬ ಆಸ್ಕರ್ ಇದ್ದ.

ನನ್ನ ಖಾಲಾ ಅವರ ಮಗ, ಹನ್ನೊಂದು ವರ್ಷದವನು. ಅದೇ ಕಾಯಿಲೆ. ಮನೆಯಲ್ಲಿ ಯಾರೂ ಅದರ ಹೆಸರು ಎತ್ತುತ್ತಿರಲಿಲ್ಲ. ‘ತಬಿಯತ್ ಸರಿಯಿಲ್ಲ’ ಎಂದಷ್ಟೇ ಮಾತು. ಅವನು ಒಳಗೆ ಬಂದರೆ ದೊಡ್ಡವರೆಲ್ಲ ಮೌನ. ಒಂದು ಸಂಜೆ, ಕೂದಲು ಉದುರಿದ ತಲೆಯ ಮೇಲಿನ ಟೋಪಿ ಸರಿಮಾಡಿಕೊಳ್ಳುತ್ತ ಕೇಳಿದ: “ಭಾಯಿ, ನಾನು ಹೋದಮೇಲೆ ನನ್ನ ಸೈಕಲ್ ಯಾರಿಗೆ? ನಿಮಗಂತೂ ಕೊಡಲ್ಲ. ನೀವು ಗಾಳಿನೇ ಹೊಡೆಸಲ್ಲ.” ಹೇಳಿ ನಕ್ಕ.

“ಹಾಗೆಲ್ಲ ಮಾತಾಡಬಾರದು” ಎಂದು ಗದರಿ ನಾನು ಎದ್ದು ಹೊರಗೆ ಬಂದೆ. ಅವನು ಮತ್ತೆ ಆ ಮಾತು ಎತ್ತಲಿಲ್ಲ. ಎರಡು ತಿಂಗಳಿಗೆ ಅಲ್ಲಾಹನ ಕಡೆಗೆ ಹೋದ.

ಅವನ ಮನಸ್ಸಿಗೆ ನೋವಾಗದಿರಲಿ ಎಂದು ಗದರಿದೆ ಅಂದುಕೊಂಡಿದ್ದೆ. ನಿಜವಾಗಿ ನನಗೆ ಹೆದರಿಕೆಯಾಗಿತ್ತು. ಅವನು ಆಗಲೇ ಎಲ್ಲ ತಿಳಿದುಕೊಂಡಿದ್ದ. ಜೊತೆಗೆ ಕೂತು ಮಾತಾಡುವವರು ಮಾತ್ರ ಅವನಿಗೆ ಬೇಕಾಗಿತ್ತು.

ಕಳೆದ ಭಾನುವಾರ ಖಾಲಾ ಅವರಿಗೆ ಈ ಕಥೆಯನ್ನು ಉರ್ದುವಿನಲ್ಲಿ ಹೇಳಿದೆ. ಪೈಲ್ವಾನ್ ಅಜ್ಜಿಯ ವಿಷಯ ಬಂದಾಗ ಅವರು ನಕ್ಕರು. ಸ್ವಲ್ಪ ಹೊತ್ತು ಬಿಟ್ಟು, “ಸೈಕಲ್ ಬಗ್ಗೆ ನನ್ನನ್ನೂ ಕೇಳಿದ್ದ, ಬೇಟಾ. ನಾನೂ ಗದರಿದೆ” ಎಂದರು.

ಗೆಳೆಯರೇ, ಕಾಯಿಲೆಯ ಮಗು ನಗುತ್ತ ಏನಾದರೂ ಕೇಳಿದರೆ ಎದ್ದು ಹೋಗಬೇಡಿ. ಉತ್ತರ ಗೊತ್ತಿಲ್ಲದಿದ್ದರೆ ಗೊತ್ತಿಲ್ಲ ಎಂದು ಹೇಳಿ, ಆದರೆ ಪಕ್ಕದಲ್ಲೇ ಕೂತಿರಿ.

ಸೈಕಲ್ ಈಗಲೂ ಖಾಲಾ ಮನೆಯ ಅಂಗಳದಲ್ಲಿದೆ. ಅವತ್ತು ಹೊರಡುವ ಮೊದಲು ಎರಡೂ ಚಕ್ರಕ್ಕೆ ಗಾಳಿ ಹೊಡೆದು ಬಂದೆ.

– ದ್ವಿತೀಯ ಪಿಯುಸಿ, ವಾಣಿಜ್ಯ ವಿಭಾಗ