ಇವನೂ ಒಬ್ಬ ಹೀರೋ!

ರಾಬರ್ಟ್ ಟುಡವಾಲಿ ಹೆಸರು ಕೇಳಿದ್ದೀರಾ? ಆಸ್ಟ್ರೇಲಿಯಾದ ಮೆಲ್ವಿಲ್ ದ್ವೀಪದ ಆದಿವಾಸಿ. ಚಾರ್ಲ್ಸ್ ಶೋವೆಲ್ 1955ರಲ್ಲಿ ತೆರೆಗೆ ತಂದ 'ಜೆಡ್ಡಾ' ಆ ದೇಶದ ಮೊದಲ ವರ್ಣಚಿತ್ರ. ಅದರಲ್ಲಿ ನಾಯಕಿಯನ್ನು ಹೊತ್ತೊಯ್ಯುವ ಮಾರ್ಬಕ್ ಇವನೇ. ಬಂಡೆಗಳ ನಡುವೆ ಅವನ ನಿಲುವು, ಆ ಕಣ್ಣು... ನಾನಂತೂ ದಂಗಾಗಿಬಿಟ್ಟೆ!

ಆಮೇಲೆ? ಕೆಲವೇ ಕೆಲವು ಚಾನ್ಸು. ಡಾರ್ವಿನ್ ಊರಲ್ಲಿ ಕುಡಿತ, ಕ್ಷಯ, ಬಡತನ. ಪಿಯುಸಿ ಬಿಟ್ಟು, ಲೇಖನಕ್ಕಿಷ್ಟು ಅಂತ ದುಡಿಯುವ ನನಗೆ ನಾಳೆಯ ಊಟದ ಚಿಂತೆ ಗೊತ್ತು. ಆದರೆ ಅವನು ತನ್ನದನ್ನಷ್ಟೇ ನೋಡಿಕೊಳ್ಳಲಿಲ್ಲ. 1966ರಲ್ಲಿ ಆದಿವಾಸಿ ದನಗಾಹಿಗಳು ಸರಿಯಾದ ಕೂಲಿಗಾಗಿ ಮುಷ್ಕರ ಹೂಡಿದಾಗ ಅವರ ಪರ ನಿಂತ. 1967ರಲ್ಲಿ ಸುಟ್ಟಗಾಯಗಳಿಂದ ತೀರಿಕೊಂಡ.

ಗೆಳೆಯರೇ, ಸ್ವಂತ ಹೊಟ್ಟೆಗೇ ಕಷ್ಟವಿರುವಾಗ ಇನ್ನೊಬ್ಬರ ಕೂಲಿಗೆ ದನಿ ಎತ್ತೋದು ಸಣ್ಣ ಮಾತಲ್ಲ. ನನ್ನ ಲೆಕ್ಕದಲ್ಲಿ ಅವನು ಹೀರೋ ಆಗಿದ್ದು ಅಲ್ಲಿ.